ಮೊಮ್ಮಗಳು ಕಲಿಸಿದ ಆವಾಹನೆಯ ಪಾಠ

ಅಮೆರಿಕದಲ್ಲಿರುವ ಮಗನ ಮನೆಯಲ್ಲಿ ಐದು ತಿಂಗಳು ಇದ್ದು ಹಿಂತಿರುಗಿದ ಮೇಲೆ ಕಂಡವರೆಲ್ಲರೂ ಕೇಳುವ ಪ್ರಶ್ನೆ ಒಂದೇ: "ಅಲ್ಲಿ ಏನೇನು ನೋಡಿದಿರಿ ಮೇಷ್ಟ್ರೇ?" ನಯಾಗರ ಜಲಪಾತವನ್ನು ನೋಡಿದೆ, ನಿಜ. ಆದರೆ ಆ ಐದು ತಿಂಗಳಲ್ಲಿ ನನ್ನ ಮನಸ್ಸನ್ನು ಕಲಕಿದ್ದು ಊಟದ ಮೇಜಿನ ಮೇಲೆ ಹನ್ನೊಂದು ವರ್ಷದ ಮೊಮ್ಮಗಳು ಹರಡಿದ ಒಂದು ಕಟ್ಟು ಕಾರ್ಡುಗಳು. ಅದನ್ನು ಕುರಿತು ನನಗೊಂದು ಅಭಿಪ್ರಾಯವಿದೆ. ಅದು ಕಾರ್ಡಿಗಿಂತ ಹೆಚ್ಚಾಗಿ ನಮ್ಮ ಪಾಠದ ಕ್ರಮಕ್ಕೆ ಸಂಬಂಧಿಸಿದ್ದಾದ್ದರಿಂದ, ನನ್ನ ಹಳೆಯ ವಿದ್ಯಾರ್ಥಿಗಳೇ ಓದುವ ಈ ಪುಟದಲ್ಲಿ ಬರೆಯುವುದು ಯುಕ್ತವೆಂದು ಭಾವಿಸುತ್ತೇನೆ.

ಆಟದ ಹೆಸರು ಯು-ಗಿ-ಓ. ಜಪಾನಿನ ಚಿತ್ರಕಥೆಗಾರ ಕಜುಕಿ ತಕಹಾಶಿಯವರು 1996ರಲ್ಲಿ ಆರಂಭಿಸಿದ ಚಿತ್ರಕಥೆಯಿಂದ ಹುಟ್ಟಿದ ಆಟವಿದು. ಕೊನಾಮಿ ಕಂಪನಿ ಈ ಕಾರ್ಡುಗಳನ್ನು 1999ರಲ್ಲಿ ಜಪಾನಿನಲ್ಲಿಯೂ 2002ರಲ್ಲಿ ಅಮೆರಿಕದಲ್ಲಿಯೂ ಮಾರುಕಟ್ಟೆಗೆ ತಂದಿತು. ಇಬ್ಬರು ಆಟಗಾರರು. ಇಬ್ಬರಿಗೂ 8000 ಪ್ರಾಣಾಂಕ, 40ರಿಂದ 60 ಕಾರ್ಡುಗಳ ಕಟ್ಟು, ಆರಂಭದಲ್ಲಿ ಕೈಯಲ್ಲಿ ಐದು ಕಾರ್ಡು. ಕಾರ್ಡಿನಲ್ಲಿರುವ ದೈತ್ಯನನ್ನು ಕಣಕ್ಕಿಳಿಸುವುದಕ್ಕೆ 'ಸಮನ್' ಎನ್ನುತ್ತಾರೆ. ಇದಕ್ಕೆ ಕನ್ನಡದಲ್ಲಿ ಏನೆನ್ನಬೇಕೆಂದು ಮೊಮ್ಮಗಳು ಕೇಳಿದಾಗ, ದೇವರ ಪೂಜೆಯಲ್ಲಿ ನಾವು ಮೊದಲು ಮಾಡುವ 'ಆವಾಹನೆ'ಯೇ ನೆನಪಾಯಿತು. ಅವಳಿಗೆ ಆ ಪದ ಬಹಳ ಹಿಡಿಸಿತು. ಅಂದಿನಿಂದ ನಮ್ಮ ಮೇಜಿನ ಮೇಲೆ ಎಲ್ಲವೂ ಆವಾಹನೆಯೇ.

ಸಾಧಾರಣ ಆವಾಹನೆ ಸುಲಭ. ದೈತ್ಯನ ಕಾರ್ಡಿನ ಮೇಲೆ ನಕ್ಷತ್ರಗಳಿರುತ್ತವೆ. ಅವು ಆ ದೈತ್ಯನ ದರ್ಜೆ. ನಾಲ್ಕರವರೆಗಿನ ದರ್ಜೆಯವನನ್ನು ನೇರವಾಗಿ ಇಳಿಸಬಹುದು. ಐದು ಅಥವಾ ಆರಾದರೆ ಕಣದಲ್ಲಿರುವ ಒಬ್ಬನನ್ನು, ಏಳು ಮತ್ತು ಅದಕ್ಕೆ ಮೇಲಾದರೆ ಇಬ್ಬರನ್ನು ತ್ಯಾಗ ಮಾಡಬೇಕು. ಈ ಬಗೆಯ ಆವಾಹನೆ ಒಂದು ಸರದಿಗೆ ಒಮ್ಮೆ ಮಾತ್ರ. ಇದರಾಚೆಗಿನವು ವಿಶೇಷ ಆವಾಹನೆಗಳು. ಕಷ್ಟ ಆರಂಭವಾಗುವುದು ಅಲ್ಲಿಯೇ.

ನಾನು ಮಾಡಿದ್ದು ಎಲ್ಲ ಮೇಷ್ಟ್ರುಗಳೂ ಮಾಡುವ ಕೆಲಸ. ನಿಯಮಪುಸ್ತಿಕೆಯನ್ನು ಅಚ್ಚು ಮಾಡಿಸಿ, ಕೆಂಪು ಶಾಯಿಯಲ್ಲಿ ಗೆರೆ ಎಳೆದು, ಟಿಪ್ಪಣಿ ಬರೆದೆ. ಮೂವತ್ತನಾಲ್ಕು ವರ್ಷ ಗಣಿತ ಬೋಧಿಸಿದವನಿಗೆ ಅದು ಹಬ್ಬದಂತೆಯೇ ಕಂಡಿತು. ರಿಚುಯಲ್ ಎಂಬ ವಿಧಿಪೂರ್ವಕ ಆವಾಹನೆಯ ಅನೇಕ ಕಾರ್ಡುಗಳಲ್ಲಿ, ತ್ಯಾಗ ಮಾಡಿದವರ ದರ್ಜೆಗಳ ಮೊತ್ತ ಬರಬೇಕಾದವನ ದರ್ಜೆಗೆ ಸಮ ಅಥವಾ ಅದಕ್ಕಿಂತ ಹೆಚ್ಚಾಗಿದ್ದರೆ ಸಾಕು. 2008ರಲ್ಲಿ ಬಂದ ಸಿಂಕ್ರೋದಲ್ಲಿ ಟ್ಯೂನರ್ ಎಂಬ ವರ್ಗದ ಒಬ್ಬನನ್ನು ಇತರರೊಡನೆ ಕೂಡಿಸಬೇಕು. ಇಲ್ಲಿ ಮೊತ್ತ ಸರಿಸಮನಾಗಿರಬೇಕು, ಒಂದು ಹೆಚ್ಚಾದರೂ ಸಲ್ಲದು. 2011ರ ಎಕ್ಸೀಜ಼್‌ನಲ್ಲಿ ಕೂಡುವ ಲೆಕ್ಕವೇ ಇಲ್ಲ. ಒಂದೇ ದರ್ಜೆಯವರನ್ನು ಒಬ್ಬರ ಮೇಲೊಬ್ಬರನ್ನಿಟ್ಟು ಅವರ ಮೇಲೆ ಹೊಸಬನನ್ನು ಇಡುವುದು. 2014ರ ಪೆಂಡುಲಂ ಅಸಮತೆಯ ಪಾಠ. 2017ರ ಲಿಂಕ್‌ನಲ್ಲಿ ದರ್ಜೆಯೇ ಇಲ್ಲ, ತಲೆಯೆಣಿಕೆ ಮಾತ್ರ. ಇವೆಲ್ಲಕ್ಕೂ ಹಿಂದಿನಿಂದ ಫ್ಯೂಷನ್ ಇದ್ದೇ ಇದೆ. ಹೆಸರಿಸಿದ ದೈತ್ಯರನ್ನು ಬೆರೆಸಿ ಹೊಸಬನನ್ನು ಪಡೆಯುವುದು. ಮೂರು ದಿನಗಳಲ್ಲಿ ಇವೆಲ್ಲವೂ ನನಗೆ ಬಾಯಿಪಾಠವಾದವು.

ನಾಲ್ಕನೆಯ ದಿನ ಆಡಲು ಕುಳಿತೆ. ಮೂರೇ ಸರದಿಗಳಲ್ಲಿ ಸೋತೆ.

ಎರಡನೆಯ ಆಟದಲ್ಲಿಯೂ ಸೋತೆ. ನಿಯಮಗಳು ನನ್ನ ತಲೆಯಲ್ಲಿದ್ದವು, ಆದರೆ ಕೈಗೆ ಇಳಿದಿರಲಿಲ್ಲ. ಯಾವ ಹೊತ್ತಿನಲ್ಲಿ ಯಾವುದು ಬೇಕೆಂಬುದೇ ತೋಚುತ್ತಿರಲಿಲ್ಲ. ಮೊಮ್ಮಗಳು ನನ್ನ ಟಿಪ್ಪಣಿ ಪುಸ್ತಕವನ್ನು ನೋಡಿ ನಕ್ಕಳು. "ತಾತಾ, ಇದನ್ನೆಲ್ಲ ಒಟ್ಟಿಗೇ ಕಲಿಯಬಾರದು" ಎಂದು ಪುಸ್ತಕವನ್ನು ಮುಚ್ಚಿಟ್ಟಳು. ಆ ಮೇಲೆ ಅವಳು ನಡೆಸಿದ ಪಾಠ, ಬಿ.ಎಡ್. ಪದವಿ ಪಡೆದ ನನಗೆ ಯಾರೂ ಹೇಳಿಕೊಡದ ಪಾಠ.

ಮೊದಲ ವಾರ ಅವಳು ಇಬ್ಬರ ಕಟ್ಟಿನಿಂದಲೂ ವಿಶೇಷ ಆವಾಹನೆಯ ಕಾರ್ಡುಗಳನ್ನೆಲ್ಲ ತೆಗೆದುಹಾಕಿದಳು. ಬರೀ ತ್ಯಾಗದ ಆಟ. ನನ್ನ ಕೈಯಲ್ಲಿ ಎಂಟು ನಕ್ಷತ್ರದ, 3000 ದಾಳಿ ಶಕ್ತಿಯ ಬ್ಲೂ-ಐಸ್ ವೈಟ್ ಡ್ರ್ಯಾಗನ್ ಕುಳಿತಿತ್ತು. ಅದನ್ನು ಇಳಿಸಲು ಇಬ್ಬರ ತ್ಯಾಗ ಬೇಕು. ಸರದಿಗೆ ಒಬ್ಬನಂತೆ ಇಬ್ಬರನ್ನು ಕೂಡಿಹಾಕುವಷ್ಟರಲ್ಲಿ ಒಬ್ಬನನ್ನು ಅವಳು ಕೊಂದಿರುತ್ತಿದ್ದಳು. ಮೂರು ದಿನ ಹೀಗೆಯೇ ಕಳೆಯಿತು. ಕೊನೆಗೆ ಬೇಸತ್ತು, "ಇಷ್ಟು ದುಬಾರಿ ಬೆಲೆ ತೆರದೆ ದೊಡ್ಡವನನ್ನು ಇಳಿಸುವ ದಾರಿ ಯಾವುದೂ ಇಲ್ಲವೇ?" ಎಂದು ಕೇಳಿದೆ.

"ಈಗ ಸಿಂಕ್ರೋ ಕಲಿಯಬಹುದು" ಎಂದಳು.

ಅವಳು ಆ ಪ್ರಶ್ನೆಗಾಗಿಯೇ ಕಾದಿದ್ದಳೆಂದು ನನಗೆ ತಿಳಿದದ್ದು ಆಗ. ಎಕ್ಸೀಜ಼್‌ನ ಪಾಠವೂ ಹಾಗೆಯೇ ಬಂದಿತು. ಕಣದಲ್ಲಿ ನಾಲ್ಕರ ದರ್ಜೆಯ ಇಬ್ಬರಿದ್ದು ಟ್ಯೂನರ್ ಒಬ್ಬನೂ ಇಲ್ಲದೆ ನಾನು ತಡಕಾಡುತ್ತಿದ್ದ ಹೊತ್ತಿನಲ್ಲಿ. ಅವಶ್ಯಕತೆ ಮೊದಲು, ನಿಯಮ ಆಮೇಲೆ. ಯೋಚಿಸಿದರೆ ಈ ಆಟ ಬೆಳೆದದ್ದೂ ಹಾಗೆಯೇ. 2002ರಲ್ಲಿ ಅಮೆರಿಕದಲ್ಲಿ ಆಡಲಾರಂಭಿಸಿದ ಹುಡುಗನಿಗೆ ಸಿಂಕ್ರೋ ಎದುರಾಗುವ ಮೊದಲು ಆರು ವರ್ಷಗಳ ಅವಕಾಶವಿತ್ತು. ಇಂದು ಕಲಿಯುವವನ ಮೇಲೆ ಎಲ್ಲವೂ ಒಟ್ಟಿಗೆ ಬಂದು ಬೀಳುತ್ತವೆ. ಕಂಪನಿಯೇ 2019ರಲ್ಲಿ ಸ್ಪೀಡ್ ಡ್ಯುಯಲ್ ಎಂದೂ, 2020ರಲ್ಲಿ ಜಪಾನಿನಲ್ಲಿ ರಷ್ ಡ್ಯುಯಲ್ ಎಂದೂ ಸರಳವಾದ ಆಟಗಳನ್ನು ಬೇರೆಯಾಗಿ ತಂದಿತು. ನಮ್ಮ ಪಠ್ಯಪುಸ್ತಕಗಳಾದರೂ ಇನ್ನೇನು? ಎಷ್ಟೋ ಶತಮಾನಗಳಲ್ಲಿ ಒಂದೊಂದಾಗಿ, ಒಂದೊಂದು ತೊಡಕಿಗೆ ಉತ್ತರವಾಗಿ ಹುಟ್ಟಿದ ನಿಯಮಗಳನ್ನು ಜೂನ್‌ನಿಂದ ಮಾರ್ಚ್‌ವರೆಗೆ ಸುರಿದುಬಿಡುತ್ತೇವೆ. ತೊಡಕನ್ನು ಮಾತ್ರ ಹೇಳುವುದಿಲ್ಲ.

ಇನ್ನು ಪೆಂಡುಲಂನ ವಿಷಯ. ಅದನ್ನು ಬರೆಯಲೆಂದೇ ಈ ಲೇಖನ.

ಪೆಂಡುಲಂ ಕಾರ್ಡಿನ ಮೇಲೆ ದರ್ಜೆಯಲ್ಲದೆ ಮಾಪಕವೆಂಬ ಇನ್ನೊಂದು ಸಂಖ್ಯೆಯಿರುತ್ತದೆ. ಹಿಂದಿನ ಸಾಲಿನ ಎರಡು ತುದಿಗಳಲ್ಲಿ ಅಂಥ ಎರಡು ಕಾರ್ಡುಗಳನ್ನಿಟ್ಟರೆ, ಆ ಎರಡು ಮಾಪಕಗಳ ನಡುವಿನ ದರ್ಜೆಯ ದೈತ್ಯರನ್ನು ಯಾವ ತ್ಯಾಗವೂ ಇಲ್ಲದೆ, ಸ್ಥಳವಿರುವಷ್ಟು ಮಂದಿಯನ್ನು ಒಮ್ಮೆಗೇ ಕೈಯಿಂದ ಇಳಿಸಬಹುದು. ಆ ದಿನ ನನ್ನ ಒಂದು ತುದಿಯಲ್ಲಿ ಸ್ಟಾರ್‌ಗೇಜ಼ರ್ ಮೆಜಿಷಿಯನ್, ಮಾಪಕ 1. ಇನ್ನೊಂದು ತುದಿಯಲ್ಲಿ ಟೈಮ್‌ಗೇಜ಼ರ್ ಮೆಜಿಷಿಯನ್, ಮಾಪಕ 8. ಕೈಯಲ್ಲಿ ಅದೇ ಎಂಟು ನಕ್ಷತ್ರದ ಡ್ರ್ಯಾಗನ್. ಅವಳ ಕಡೆ 2500 ಶಕ್ತಿಯವನೊಬ್ಬ ನಿಂತಿದ್ದ. ಕೊನೆಗೂ ಗೆದ್ದೆನೆಂದುಕೊಂಡು ಕಾರ್ಡನ್ನು ಮೇಜಿಗೆ ಕುಟ್ಟಿದೆ.

"ಆಗುವುದಿಲ್ಲ ತಾತಾ. ಎರಡರಿಂದ ಏಳು ಮಾತ್ರ."

"ಎಂಟು ಇಲ್ಲಿಯೇ ಇದೆಯಲ್ಲ?"

"ಗೋಡೆ ಮೇಲೆ ನಿಂತವನು ಎರಡು ಗೋಡೆ ನಡುವೆ ಇರುತ್ತಾನಾ?" ಎಂದಳು ತನ್ನ ಅರೆಗನ್ನಡದಲ್ಲಿ.

ಆಟ ಅಲ್ಲಿಗೇ ನಿಂತಿತು. ಅವಳು ನಾನು ಸೋಲಿನಿಂದ ಬೇಸರಗೊಂಡೆನೆಂದು ತಿಳಿದಳು. ನನಗೆ ನೆನಪಾದದ್ದು ಬೇರೆ.

1989 ಇರಬೇಕು. ಎಂಟನೆಯ ತರಗತಿ. '1 ಮತ್ತು 8ರ ನಡುವಿನ ಸ್ವಾಭಾವಿಕ ಸಂಖ್ಯೆಗಳನ್ನು ಬರೆಯಿರಿ' ಎಂದು ಕೊಟ್ಟಿದ್ದೆ. ಹಿಂದಿನ ಬೆಂಚಿನ ಹುಡುಗನೊಬ್ಬ ಒಂದನ್ನೂ ಎಂಟನ್ನೂ ಸೇರಿಸಿ ಬರೆದಿದ್ದ. ತಪ್ಪು ಹಾಕಿದೆ. ಅವನು ಎದ್ದು ನಿಂತು ಕೇಳಿದ: "ಸಾರ್, ನಮ್ಮೂರಿಗೂ ಪೇಟೆಗೂ ನಡುವೆ ಬಸ್ಸು ಓಡುತ್ತದೆ ಅಂತೀವಿ. ಅದು ನಮ್ಮೂರಲ್ಲೂ ನಿಲ್ಲುತ್ತೆ, ಪೇಟೆಯಲ್ಲೂ ನಿಲ್ಲುತ್ತೆ. ಮತ್ತೆ ಇಲ್ಲಿ ಯಾಕೆ ಎರಡು ತುದಿ ಸೇರಬಾರದು?"

ನಾನು ಕೊಟ್ಟ ಉತ್ತರ ನನಗೆ ಅಕ್ಷರಶಃ ನೆನಪಿದೆ. "ಗಣಿತದಲ್ಲಿ ಸೇರಬಾರದು ಅಂದರೆ ಸೇರಬಾರದು. ಬಸ್ಸಿನ ಕಥೆ ಬಿಟ್ಟು ಕೂತ್ಕೋ." ತರಗತಿ ನಕ್ಕಿತು. ಅವನು ಕುಳಿತ. ಆ ವರ್ಷವಿಡೀ ನನ್ನ ತರಗತಿಯಲ್ಲಿ ಅವನು ಮತ್ತೊಂದು ಪ್ರಶ್ನೆ ಕೇಳಲಿಲ್ಲ.

ಅವನ ಪ್ರಶ್ನೆ ಸರಿಯಾಗಿತ್ತು. 'ನಡುವೆ' ಎಂಬ ಪದ ನಮ್ಮ ಆಡುಮಾತಿನಲ್ಲಿ ಒಮ್ಮೆ ತುದಿಗಳನ್ನು ಒಳಗೊಳ್ಳುತ್ತದೆ, ಒಮ್ಮೆ ಹೊರಗಿಡುತ್ತದೆ. ಆದುದರಿಂದಲೇ ಗಣಿತದಲ್ಲಿ ನಾವೊಂದು ಒಪ್ಪಂದ ಮಾಡಿಕೊಂಡಿದ್ದೇವೆ. "ನಿನ್ನ ಬಸ್ಸು ಎರಡು ಕಡೆಯೂ ನಿಲ್ಲುತ್ತದೆ ಮಗು. ಇಲ್ಲಿ ನಿಲ್ಲದ ಬಸ್ಸನ್ನು ಎಣಿಸುತ್ತಿದ್ದೇವೆ, ಅಷ್ಟೇ" ಎಂದಿದ್ದರೆ ಸಾಕಿತ್ತು. ಅದೊಂದು ಒಪ್ಪಂದವೆಂಬುದನ್ನು ಹೇಳದೆ ಶಾಸನವೆಂಬಂತೆ ಹೇಳಿದೆ. ಅರವತ್ತು ದಾಟಿದ ಮೇಲೆ, ಅದೇ 1 ಮತ್ತು 8ರ ಮುಂದೆ ನಾನೂ ಅವನ ತಪ್ಪನ್ನೇ ಮಾಡಿದೆ. ನನಗೆ ಸಿಕ್ಕ ಗುರು ಮಾತ್ರ ನನಗಿಂತ ಉತ್ತಮಳಾಗಿದ್ದಳು; "ಆಗುವುದಿಲ್ಲ" ಎಂದು ಹೇಳಿ ಸುಮ್ಮನಾಗದೆ ಗೋಡೆಯನ್ನು ತೋರಿಸಿದಳು.

ನಿಯಮಗಳು ಮನುಷ್ಯರು ಮಾಡಿಕೊಂಡ ಒಪ್ಪಂದಗಳೆಂಬುದಕ್ಕೆ ಈ ಆಟದಲ್ಲಿಯೇ ಒಳ್ಳೆಯ ನಿದರ್ಶನವಿದೆ. 2017ರಲ್ಲಿ ಲಿಂಕ್ ಬಂದಾಗ, ಫ್ಯೂಷನ್, ಸಿಂಕ್ರೋ, ಎಕ್ಸೀಜ಼್ ದೈತ್ಯರನ್ನು ಹೆಚ್ಚುವರಿ ಕಟ್ಟಿನಿಂದ ಇಳಿಸಲು ಒಂದು ವಿಶೇಷ ಮನೆಯಲ್ಲಿ, ಇಲ್ಲವೇ ಲಿಂಕ್ ಕಾರ್ಡಿನ ಬಾಣ ತೋರಿಸುವ ಮನೆಯಲ್ಲಿ ಮಾತ್ರ ಅವಕಾಶವೆಂದು ವಿಧಿಸಿದರು. 2020ರಲ್ಲಿ ಆ ಮೂವರ ಮಟ್ಟಿಗೆ ಆ ಕಟ್ಟನ್ನು ಸಡಿಲಿಸಿದರು. ಹಾಗೆಂದು ಈ ಆಟದಲ್ಲಿ ನಿಯಮಕ್ಕೆ ಬೆಲೆಯಿಲ್ಲವೆಂದಲ್ಲ. 2011ರಿಂದ ಇದರ ಕಾರ್ಡುಗಳ ಒಕ್ಕಣೆಯಲ್ಲಿ ವಿರಾಮ ಚಿಹ್ನೆಗಳಿಗೇ ಅರ್ಥವನ್ನು ನಿಗದಿಪಡಿಸಿದ್ದಾರೆ. ಅರ್ಧವಿರಾಮದ ಹಿಂದಿರುವುದು ಮೊದಲೇ ತೆರಬೇಕಾದ ಬೆಲೆ ಅಥವಾ ಮಾಡಬೇಕಾದ ಆಯ್ಕೆ, ಮುಂದಿರುವುದು ಅನಂತರ ದೊರೆಯುವ ಫಲ. ಅರ್ಧವಿರಾಮವನ್ನು ಗಮನಿಸದಿದ್ದರೆ ಆಟವೇ ಕೈತಪ್ಪುತ್ತದೆ. ಹನ್ನೊಂದು ವರ್ಷದ ಮಗು ಅರ್ಧವಿರಾಮಕ್ಕಾಗಿ ತಾತನೊಡನೆ ವಾದಿಸುವುದನ್ನು ಕಂಡ ಮೇಲೆ, ಈಗಿನ ಮಕ್ಕಳಿಗೆ ಓದಿನಲ್ಲಿ ಗಮನವಿಲ್ಲವೆಂಬ ಮಾತನ್ನು ನಾನು ಒಪ್ಪಲಾರೆ. ಓದಿನಿಂದ ಏನಾದರೂ ಆಗುತ್ತದೆಂದಾದರೆ ಅವರು ಓದುತ್ತಾರೆ.

"ಇಸ್ಪೀಟಿಗೂ ಇದಕ್ಕೂ ಏನು ವ್ಯತ್ಯಾಸ?" ಎಂದು ನಮ್ಮ ಬಂಧುಗಳಲ್ಲಿ ಕೆಲವರು ಮೂಗು ಮುರಿದಿದ್ದಾರೆ. ಅವರ ಆತಂಕವನ್ನು ಪೂರ್ತಿ ತಳ್ಳಿಹಾಕುವುದಿಲ್ಲ. ಕಾರ್ಡುಗಳನ್ನು ಮುಚ್ಚಿದ ಪೊಟ್ಟಣಗಳಲ್ಲಿ ಮಾರುತ್ತಾರೆ. ಒಳಗೆ ಯಾವುದಿದೆಯೆಂದು ಕೊಳ್ಳುವವನಿಗೆ ತಿಳಿಯದು. ಅಪರೂಪದ ಕಾರ್ಡಿನ ಆಸೆಗೆ ಪೊಟ್ಟಣದ ಮೇಲೆ ಪೊಟ್ಟಣ ಒಡೆಯುವ ಚಪಲದಲ್ಲಿ ಲಾಟರಿಯ ವಾಸನೆಯಿದೆ. ಅದಕ್ಕೆ ಮನೆಯ ಹಿರಿಯರು ಮಿತಿ ಹಾಕಲೇಬೇಕು. ನನ್ನ ಸೊಸೆ ಹಾಕಿದ್ದಾಳೆ. ಆದರೆ ಕೊಳ್ಳುವ ಚಪಲ ಬೇರೆ, ಆಡುವ ವಿದ್ಯೆ ಬೇರೆ. ಮೊದಲನೆಯದಕ್ಕೆ ಹೆದರಿ ಎರಡನೆಯದನ್ನು ಕಿತ್ತುಕೊಳ್ಳಬೇಡಿ. ಕಿತ್ತುಕೊಳ್ಳುವ ಮೊದಲು ಒಂದು ವಾರ ಎದುರಿಗೆ ಕುಳಿತು ಮಗುವಿನಿಂದ ಕಲಿಯಿರಿ. ಸೋಲುವುದನ್ನೂ ಕಲಿಯಿರಿ.

ನನ್ನ ಶಿಷ್ಯರಲ್ಲಿ ಹಲವರು ಈಗ ಶಿಕ್ಷಕರಾಗಿದ್ದೀರಿ. ನಿಮಗೆ ನನ್ನ ಕೋರಿಕೆ ಇಷ್ಟೇ. ನಿಯಮವನ್ನು ಹಲಗೆಯ ಮೇಲೆ ಬರೆಯುವ ಮೊದಲು, ಅದಿಲ್ಲದೆ ಆಗುವ ಪೇಚಾಟವನ್ನು ಮಕ್ಕಳು ಸ್ವಲ್ಪ ಹೊತ್ತು ಅನುಭವಿಸಲಿ. ಯಾರಾದರೂ ಎದ್ದು "ಯಾಕೆ ಸಾರ್?" ಎಂದರೆ, ಪಾಠ ಹಿಂದುಳಿದರೂ ಚಿಂತೆಯಿಲ್ಲ, ನಿಂತು ಉತ್ತರ ಹೇಳಿ. ನಾನು ಆ ದಿನ ಎರಡು ನಿಮಿಷ ಉಳಿಸಿದೆ. ಆ ಎರಡು ನಿಮಿಷದಿಂದ ನನಗಾದ ಲಾಭವೇನೆಂದು ಇಂದಿಗೂ ತಿಳಿದಿಲ್ಲ.

ಆ ಹುಡುಗನಿಗೆ ಈಗ ಐವತ್ತರ ಹತ್ತಿರ ವಯಸ್ಸಾಗಿರಬೇಕು. ಹೆಸರು ನೆನಪಿದೆ, ಇಲ್ಲಿ ಬರೆಯುವುದಿಲ್ಲ. ಇದನ್ನು ಓದುತ್ತಿದ್ದರೆ ಅವನಿಗೆ ತಿಳಿಯುತ್ತದೆ. ಅಪ್ಪಾ, ನಿನ್ನ ಉತ್ತರಕ್ಕೆ ಅಂಕ ಕೊಡಲಾರೆ, ಆದರೆ ನಿನ್ನ ಪ್ರಶ್ನೆಗೆ ಕೊಡಬೇಕಾಗಿತ್ತು. ನಾನು ಕೊಡಲಿಲ್ಲ. ಈ ಕಡೆ ಬಂದರೆ ಮನೆಗೆ ಬಾ. ಮೊಮ್ಮಗಳು ಕೊಟ್ಟು ಕಳುಹಿಸಿದ ಎರಡು ಕಟ್ಟು ಕಾರ್ಡುಗಳಿವೆ. ಲಿಂಕ್‌ನ ಪಾಠ ನನಗಿನ್ನೂ ಪೂರ್ತಿ ಹಿಡಿತಕ್ಕೆ ಬಂದಿಲ್ಲ, ಉಳಿದದ್ದನ್ನು ಹೇಳಿಕೊಡಬಲ್ಲೆ. ನೀನು ಕೇಳುವ ಪ್ರಶ್ನೆಗಳಿಗೆ ಈ ಸಲ ಸಮಯವಿದೆ.