ತೋಳ ಝೂದಾಗ ಇದ್ರ ಸಾಕೇನ್ರಿ?

ಈ ಸಲ ಭತ್ತದ ಸುದ್ದಿ ಬಿಟ್ಟು ತೋಳದ ಸುದ್ದಿ ಬರೀತೀನಿ. ಸ್ವಲ್ಪ ಉದ್ದ ಐತಿ, ಸಮಾಧಾನದಿಂದ ಓದ್ರಿ.

ಎಲ್ಲೇ ಕುರಿ ಹೋದ್ರೂ ಕಟ್ಟಿ ಮ್ಯಾಲೆ ಒಂದೇ ಮಾತು ಬರ್ತೈತಿ: "ಆ ತೋಳ ಹಿಡದು ಝೂದಾಗ ಹಾಕ್ಲಿ. ಅವೂ ಉಳಿತಾವ, ನಮ್ಮ ಕುರಿನೂ ಉಳಿತಾವ." ಕೇಳಾಕ ನ್ಯಾಯ ಅನಸ್ತೈತಿ. ಆದ್ರ ಈ ಮಾತು ತಪ್ಪು ಅಂತ ನಾನು ಹೇಳ್ತೀನಿ. ಯಾಕಂದ್ರ ಲೆಕ್ಕ ಕೂಡೂದಿಲ್ಲ.

ಮೊದಲು ಝೂ ಮಾಡಿದ ಒಳ್ಳೇ ಕೆಲಸ ಒಪ್ಪೋಣ. ಅಮೆರಿಕದಾಗ ಕೆಂಪು ತೋಳ ಅಂತ ಒಂದು ಜಾತಿ ಐತಿ. 1980ರ ಹೊತ್ತಿಗೆ ಅದು ಕಾಡಿನಾಗ ಮುಗಿದೇ ಹೋಯ್ತು ಅಂತ ಅಲ್ಲಿಯವರು ಬರೆದುಬಿಟ್ಟರು. ಅದಕ್ಕೂ ಮೊದಲು ಹಿಡಿದಿಟ್ಟಿದ್ದ 14 ತೋಳಗಳಿಂದ ಸಂತಾನ ಬೆಳೆಸಿ, 1987ರಾಗ ಮತ್ತ ಕಾಡಿಗೆ ಬಿಟ್ಟರು. ಮೆಕ್ಸಿಕೋ ತೋಳದ್ದೂ ಹಂಗ. ಬರೇ 7 ತೋಳಗಳಿಂದ ಬೆಳೆಸಿ 1998ರಾಗ ಬಿಟ್ಟರು. ಝೂ ಇಲ್ಲದಿದ್ರ ಇವೆರಡೂ ಇವತ್ತು ಇರ್ತಿರಲಿಲ್ಲ.

ಆದ್ರ ಮುಂದಿನದು ಕೇಳ್ರಿ. ಬಿಟ್ಟ ಕೆಂಪು ತೋಳಗಳಾಗ ಎಷ್ಟೋ ಬಂದೂಕಿಗೆ ಸತ್ತವು, ಎಷ್ಟೋ ರಸ್ತೆ ಮ್ಯಾಲೆ ಗಾಡಿಗೆ ಸಿಕ್ಕು ಸತ್ತವು. ಹತ್ತತ್ರ 40 ವರ್ಷ ಆದ್ರೂ ಕಾಡಿನಾಗ ಇರೋವು 50ಕ್ಕಿಂತ ಕಡಿಮೆ, ಬೇಲಿ ಒಳಗ ಇರೋವು 200ಕ್ಕಿಂತ ಹೆಚ್ಚು. ಝೂ ಅನ್ನೋದು ಬೀಜದ ಗಡಿಗಿ ಇದ್ದಂಗ. ಬೀಜ ಕಾಪಾಡ್ತೈತಿ, ಖರೆ. ಬಿತ್ತಾಕ ಹೊಲನೇ ಇಲ್ಲದಿದ್ರ ಆ ಬೀಜ ತಗೊಂಡು ಏನ್ ಮಾಡ್ತೀರಿ?

ನಮಗ ಆ ಪರಿಸ್ಥಿತಿ ಇನ್ನೂ ಬಂದಿಲ್ಲ. ನಮ್ಮ ದೇಶದಾಗ ಸುಮಾರು 3 ಸಾವಿರ ತೋಳ ಉಳಿದಾವ ಅಂತ ಅಂದಾಜು. ಅದರಾಗ ಒಂದು ಗುಂಪು ನಮ್ಮ ಬಂಕಾಪುರದ ಗುಡ್ಡದಾಗ ಐತಿ. ಅದು ರಾಜ್ಯದ ಮೊದಲ ತೋಳಧಾಮ. 2025ರಾಗ ಅಲ್ಲಿ ಒಂದು ತೋಳ 8 ಮರಿ ಹಾಕಿತು. ಪಂಜರ ಇಲ್ಲ, ಡಾಕ್ಟರಿಲ್ಲ, ಟಿಕೆಟ್ ಇಲ್ಲ. ಕಲ್ಲುಬಂಡೆ ಗವಿ, ಕುರುಚಲು ಗಿಡ, ಅಷ್ಟೇ.

ಈಗ ಲೆಕ್ಕ ನೋಡ್ರಿ. ತೋಳಧಾಮದ ವಿಸ್ತೀರ್ಣ ಸುಮಾರು 332 ಹೆಕ್ಟೇರ್, ನಮ್ಮ ಲೆಕ್ಕದಾಗ 820 ಎಕರೆ. ಅಂದ್ರ ಮೂರೂಕಾಲು ಚದರ ಕಿಲೋಮೀಟರ್. ತೋಳದ ಒಂದು ಗುಂಪಿಗೆ ತಿರುಗಾಡಾಕ ನೂರು ಚದರ ಕಿಲೋಮೀಟರಿಗೂ ಹೆಚ್ಚು ಬೇಕು. ಅಂದ ಮ್ಯಾಲೆ ತೋಳ ಮಲಗೋದು ಸರ್ಕಾರದ ಗುಡ್ಡದಾಗ, ಬದುಕೋದು ನಮ್ಮ ನಿಮ್ಮ ಹೊಲ, ಬೀಳು, ಹಳ್ಳದ ದಂಡ್ಯಾಗ. ಬೋರ್ಡ್ ಹಾಕಿದ ಜಾಗದಾಗಷ್ಟೇ ಇರು ಅಂದ್ರ ಅದಕ್ಕ ಓದಾಕ ಬರೂದಿಲ್ಲ.

ಎಲ್ಲಾನೂ ಹಿಡದು ಒಂದೇ ಕಡೆ ಕೂಡಿಟ್ಟರ ಏನಾಕ್ಕೈತಿ ಅನ್ನೋದಕ್ಕ ದೂರ ಹೋಗೋದು ಬ್ಯಾಡ. 2025ರ ನವೆಂಬರಿನಾಗ ಬೆಳಗಾವಿ ಹತ್ರ ಭೂತರಾಮನಹಟ್ಟಿ ಝೂದಾಗ ನಾಲ್ಕಾರು ದಿನದಾಗ 31 ಕೃಷ್ಣಮೃಗ ಸತ್ತವು. ಗಳಲೆ ರೋಗ. ದನ ಕಟ್ಟಿದ ನಮಗ ಈ ರೋಗದ ಪರಿಚಯ ಐತಿ. ಒಂದು ಕೊಟ್ಟಿಗ್ಯಾಗ ಬಂದ್ರ ಸಾಲು ಹಿಡದು ಹೋಗ್ತೈತಿ. ಬಯಲಾಗ ಚದುರಿದ ಚಿಗರಿ ಹಿಂಗ ಒಂದೇ ಏಟಿಗೆ ಮುಗಿಯೋದು ಕಡಿಮೆ.

"ಮಕ್ಕಳನ್ನ ಹೊತ್ತೊಯ್ದರ?" ಅಂತ ಕೇಳ್ತೀರಿ. ಕೇಳಬೇಕಾದ ಪ್ರಶ್ನೆ. 2024ರಾಗ ಉತ್ತರ ಪ್ರದೇಶದ ಬಹರಾಯಿಚ್ ಜಿಲ್ಲೆಯಾಗ ತೋಳದ ದಾಳಿಗೆ ಮಕ್ಕಳು ಸತ್ತರು. ಅಲ್ಲಿ ತೋಳ ಹಿಡಿದರು, ಕೆಲವನ್ನ ಗೋರಖಪುರದ ಝೂಗೆ ಕಳಿಸಿದರು. ಅದು ಸರಿನೇ. ಮನುಷ್ಯನ ಮ್ಯಾಲೆ ಬಿದ್ದ ತೋಳಕ್ಕ ಝೂನೇ ಜಾಗ. ಆದ್ರ ಕುರಿ ಹಿಡಿದ ತೋಳಕ್ಕೂ ಅದೇ ಶಿಕ್ಷೆ ಅಂದ್ರ ಕಳ್ಳನಿಗೂ ಕೊಲೆಗಾರನಿಗೂ ಒಂದೇ ಹಗ್ಗ ಕೊಟ್ಟಂಗ.

ಹಂಗಂತ ಕುರಿಗಾರ ನಷ್ಟ ಹೊರಬೇಕು ಅಂತ ನಾನು ಹೇಳೂದಿಲ್ಲ. ನನ್ನ ಸಿಟ್ಟು ಇರೋದೇ ಅಲ್ಲಿ. ತೋಳವನ್ನ ಇಷ್ಟು ವರ್ಷ ಸಾಕಿದವರು ಯಾರು? ಇಲಾಖೆಗಿಂತ ಮೊದಲು ಕುರುಬರು. ಹಿಂಡಿನಾಗ ಒಂದು ಮರಿ ಹೋದ್ರ "ಅದರ ಪಾಲು ಅದು ಒಯ್ತು" ಅಂತ ಸುಮ್ಮನಾದವರು ಅವರು. ಸುಗ್ಗಿ ಮುಗಿದ ಮ್ಯಾಲೆ ನಮ್ಮ ಗದ್ದ್ಯಾಗ ಅದೇ ಕುರಿ ತರುಬಿಸ್ತೀವಿ. ಹಿಕ್ಕಿ ಗೊಬ್ಬರ ನಮಗ ಬೇಕು, ರೊಕ್ಕ ಕೊಟ್ಟು ಕರೀತೀವಿ. ಮುಂದಿನ ಭತ್ತದಾಗ ಆ ಗೊಬ್ಬರದ ಫಲ ಉಣ್ಣೋರು ನಾವು. ಅದೇ ಕುರಿ ತೋಳಕ್ಕ ಹೋದ್ರ ನಷ್ಟ ಮಾತ್ರ ಅವರದ್ದು. ಇದು ಯಾವ ನ್ಯಾಯ?

ಪರಿಹಾರ ಐತಿ ಅಂತಾರ. ಐತಿ ಕಾಗದದಾಗ. ಸತ್ತ ಕುರಿ ತೋರಿಸಬೇಕು, ದನದ ಡಾಕ್ಟರ ಸರ್ಟಿಫಿಕೇಟ್ ಬೇಕು, ಪಂಚನಾಮೆ ಬೇಕು, ಅರ್ಜಿ ಬೇಕು. ತೋಳ ಮರಿ ಹೊತ್ತುಕೊಂಡೇ ಹೋದ್ರ ತೋರಿಸೋದು ಏನು? ಇವತ್ತು ಇಲ್ಲಿ, ನಾಳೆ ಇನ್ನೊಂದೂರಾಗ ಹಟ್ಟಿ ಹಾಕೋ ಮನುಷ್ಯ ಎಷ್ಟು ದಿನ ಆಫೀಸಿಗೆ ತಿರುಗಬೇಕು? ಆತಗ ತೋಳ ಬ್ಯಾಡಾದ ದಿನ, ಯಾವ ಧಾಮನೂ ಅದನ್ನ ಉಳಿಸೂದಿಲ್ಲ. ಒಂದು ಸತ್ತ ಕುರಿಗೆ ವಿಷ ಹಾಕಿಟ್ಟರ ಇಡೀ ಗುಂಪು ಒಂದು ರಾತ್ರಿಯಾಗ ಮುಗೀತೈತಿ.

ಅದಕ್ಕ ನಾವು ಕೇಳಬೇಕಾದ್ದು ಪಂಜರ ಅಲ್ರಿ, ಈ ನಾಲ್ಕು:

1. ಕುರಿ ಹೋದ ವಾರದೊಳಗ ಪರಿಹಾರ. ಮೊಬೈಲ್ ಫೋಟೋ, ಹೆಜ್ಜೆ ಗುರುತು, ಊರಿನ ಇಬ್ಬರ ಸಹಿ ಸಾಕಾಗಬೇಕು.

2. ಸುತ್ತಲಿನ ಊರಿನ ನಾಯಿಗಳಿಗೆ ಪ್ರತಿ ವರ್ಷ ಲಸಿಕೆ. ಹುಚ್ಚುರೋಗ ತೋಳಕ್ಕ ದಾಟೋದು ನಾಯಿಯಿಂದ. ಹುಚ್ಚು ಹಿಡಿದ ತೋಳನೇ ಮನುಷ್ಯಗ ಭಾಳ ಅಪಾಯ. ನಾಯಿ ಕೂಡಿ ತೋಳದ ತಳಿನೂ ಕೆಡ್ತೈತಿ. ಪುಣೆ ಹತ್ರ ಅಂಥ ಮಿಶ್ರತಳಿ ಐತಿ ಅಂತ ಪರೀಕ್ಷೆಯಾಗ ಗೊತ್ತಾಗೈತಿ.

3. ಹಟ್ಟಿಗೆ ಗಟ್ಟಿ ಬಲೆ, ಸೋಲಾರ್ ದೀಪ. ಝೂದಾಗ ಒಂದು ಮನೆ ಕಟ್ಟೋ ರೊಕ್ಕದಾಗ ಎಷ್ಟು ಹಟ್ಟಿಗೆ ಆಕ್ಕೈತಿ, ನೀವೇ ಎಣಿಸ್ರಿ.

4. ಗುಡ್ಡದ ಸುತ್ತಲಿನ ಬೀಳು, ಗೋಮಾಳ ಹಂಗೇ ಇರಬೇಕು. ಕ್ವಾರಿಗೂ ಲೇಔಟಿಗೂ ಹೋದ್ರ ತೋಳಕ್ಕೂ ಜಾಗ ಇಲ್ಲ, ಕುರಿಗೂ ಮೇವಿಲ್ಲ.

ಮಕ್ಕಳನ್ನ ಝೂಗೆ ಕರಕೊಂಡು ಹೋಗ್ರಿ, ತೋಳ ತೋರಿಸ್ರಿ, ನಾನೇನು ಬ್ಯಾಡ ಅನ್ನೂದಿಲ್ಲ. ಆದ್ರ ತೋಳ ಉಳಿಸೋ ಕೆಲಸ ಝೂಗೆ ಒಪ್ಪಿಸಿ ನಾವು ಕೈ ತೊಳಕೊಳ್ಳೋದು ಬ್ಯಾಡ. ಮುಂದಿನ ಗ್ರಾಮಸಭೆಗೆ ಈ ನಾಲ್ಕೂ ಬರಕೊಂಡು ಹೋಗ್ರಿ, ಕುರಿಗಾರರನ್ನ ಜೊತಿಗೆ ಕರಕೊಂಡು ಹೋಗ್ರಿ. ಮಾತಾಡಾಕ ಮೊದಲು ಅವರಿಗೆ ಬಿಡ್ರಿ.

ಒಪ್ಪದವರು ಕೆಳಗ ಬರೀರಿ. ಜಗಳ ಆದ್ರೂ ಪರವಾಗಿಲ್ಲ, ಲೆಕ್ಕ ಇಟ್ಟು ಬರೀರಿ.