ಕಾರಾಪುರದ ಹುಡುಗನೂ ಬಣ್ಣ ಬಳಿದ ಮುಖಗಳೂ

ಮೈಸೂರು ಸಂಸ್ಥಾನದ ಆನೆಲಾಯದಲ್ಲಿ ಬೆಳೆದ ಅನಾಥ ಹುಡುಗನೊಬ್ಬನು ಹದಿಮೂರನೆಯ ವಯಸ್ಸಿಗೆ ಲಂಡನ್, ನ್ಯೂಯಾರ್ಕ್ ನಗರಗಳಲ್ಲಿ ಮನೆಮಾತಾದನೆಂದರೆ ನಮ್ಮ ವಾಚಕರಲ್ಲಿ ಕಿರಿಯರು ಅದನ್ನು ಕಟ್ಟುಕಥೆಯೆಂದು ತಿಳಿದಾರು. ಆದರೆ ಅದು ನಡೆದ ಸಂಗತಿ. ಹುಡುಗನ ಹೆಸರು ಸಾಬು. ಹುಟ್ಟಿದುದು 1924ರ ಜನವರಿಯಲ್ಲಿ, ಕಬಿನಿಯ ದಡದ ಕಾರಾಪುರದಲ್ಲಿ. ತಂದೆ ಮಹಾರಾಜರ ಸೇವೆಯಲ್ಲಿದ್ದ ಮಾವುತ. ಅಮೇರಿಕದ ಚಿತ್ರನಿರ್ಮಾಪಕ ರಾಬರ್ಟ್ ಫ್ಲಾಹರ್ಟಿಯವರು ಕಿಪ್ಲಿಂಗನ ಆನೆಯ ಕಥೆಯೊಂದನ್ನು ಚಲಚ್ಚಿತ್ರವಾಗಿಸಲು ಮೈಸೂರಿಗೆ ಬಂದಾಗ ಈ ಹುಡುಗನು ಅವರ ಪರಿವಾರದ ಕಣ್ಣಿಗೆ ಬಿದ್ದನು. 1937ರಲ್ಲಿ ‘ಎಲಿಫೆಂಟ್ ಬಾಯ್’ ತೆರೆಗೆ ಬಂದಿತು. ಅದೇ ವರ್ಷ ವೆನಿಸ್ಸಿನ ಚಿತ್ರೋತ್ಸವದಲ್ಲಿ ಫ್ಲಾಹರ್ಟಿ ಮತ್ತು ಜೋಲ್ಟನ್ ಕೋರ್ಡಾ ಇಬ್ಬರಿಗೂ ನಿರ್ದೇಶನದ ಪ್ರಶಸ್ತಿ ಲಭಿಸಿತು. ಹುಡುಗನು ಹಡಗು ಹತ್ತಿ ಇಂಗ್ಲೆಂಡಿಗೆ ಹೋದನು, ಅಲ್ಲಿಂದ ಅಮೇರಿಕಕ್ಕೆ.

ಇಷ್ಟನ್ನು ಕೇಳಿ ಕನ್ನಡಿಗರಿಗೆ ಹೆಮ್ಮೆಯಾಗುವುದು ಸಹಜ. ನಮಗೂ ಆಗಿತ್ತು. ಆದರೆ ಈಚೆಗೆ ಆ ಚಿತ್ರವನ್ನು ಮತ್ತೊಮ್ಮೆ ನೋಡುವಾಗ ಮೊದಲು ಗಮನಕ್ಕೆ ಬಾರದೆ ಹೋಗಿದ್ದ ಒಂದು ಸಂಗತಿಯು ಮನಸ್ಸನ್ನು ಕುಟುಕಿತು. ಮಗನಾಗಿ ನಟಿಸುವವನು ನಮ್ಮ ಮೈಸೂರಿನ ಮಾವುತನ ಮಗ. ಆದರೆ ಆ ಮಗನ ತಂದೆಯಾದ ಮಾವುತನ ವೇಷದಲ್ಲಿರುವವರು ಡಬ್ಲ್ಯು. ಇ. ಹಾಲೊವೇ ಎಂಬ ಆಂಗ್ಲೇಯ ನಟರು, ಮೈಗೆ ಕಂದು ಬಣ್ಣ ಬಳಿದುಕೊಂಡು! ಮಾವುತರ ಯಜಮಾನನೂ ಹಾಗೆಯೇ ಬಣ್ಣದ ಬಿಳಿಯ. ಆನೆ ಮೈಸೂರಿನದು, ಕಾಡು ಮೈಸೂರಿನದು, ಹುಡುಗನು ಮೈಸೂರಿನವನು. ಆದರೆ ನಾಲ್ಕು ಮಾತನ್ನು ತೂಕವಾಗಿ ಆಡಬೇಕಾದ ಭಾರತೀಯನು ಮಾತ್ರ ಡೆನ್‌ಹ್ಯಾಮಿನ ಸ್ಟುಡಿಯೋದಲ್ಲಿ ತಯಾರಾದವನು. ಹುಡುಗನು ಸ್ವಂತ ಮುಖದಿಂದ ಒಳಗೆ ಬರಬಹುದು, ಏಕೆಂದರೆ ಅವನು ಆನೆಯ ಜೊತೆಗಾರ. ವಯಸ್ಕನಿಗೆ ಆ ಅಪ್ಪಣೆಯಿಲ್ಲ. ಪಶ್ಚಿಮದ ರಂಗಭೂಮಿಯೂ ಚಲಚ್ಚಿತ್ರವೂ ಏಷ್ಯದ ಜನರನ್ನು ನಡೆಸಿಕೊಂಡ ಬಗೆಯೆಲ್ಲವೂ ಈ ಒಂದು ಚಿತ್ರದಲ್ಲಿ ಅಡಗಿದೆಯೆಂದು ನಮ್ಮ ಅಭಿಪ್ರಾಯ.

ಸಾಬುವಿನ ಮುಂದಿನ ಬಾಳೇ ಇದಕ್ಕೆ ಸಾಕ್ಷಿ. 1938ರ ‘ದಿ ಡ್ರಮ್’ ಚಿತ್ರದಲ್ಲಿ ಅವನಿಗೆ ಆಂಗ್ಲರ ಸ್ನೇಹಿತನಾದ ಗಡಿನಾಡಿನ ರಾಜಕುಮಾರನ ಪಾತ್ರ. ಆಂಗ್ಲರ ವೈರಿಯ ಪಾತ್ರಕ್ಕೆ ಬಣ್ಣ ಬಳಿದ ಕೆನಡಾದ ನಟ ರೇಮಂಡ್ ಮ್ಯಾಸಿ. ಸ್ವಾಮಿನಿಷ್ಠನಾದ ಕರಿಯನು ಒಳ್ಳೆಯವನು, ಸ್ವಾತಂತ್ರ್ಯ ಬಯಸುವವನು ಕಪಟಿ ಎಂಬ ಪಾಠವನ್ನು ನಮ್ಮ ಹುಡುಗನ ಮುಗ್ಧ ಮುಖದಿಂದಲೇ ಹೇಳಿಸಿದರು. ಮುಂಬಯಿಯ ಜನ ಬೀದಿಗಿಳಿದು ಪ್ರತಿಭಟಿಸಿದ ಮೇಲೆ ಚಿತ್ರವನ್ನು ಹಿಂತೆಗೆಯಬೇಕಾಯಿತು. ಮರುವರ್ಷ ಅಮೇರಿಕದಿಂದ ‘ಗಂಗಾ ದೀನ್’ ಬಂದಿತು. ಅದರಲ್ಲಿ ನೀರು ಹೊರುವ ಭಾರತೀಯನು ನ್ಯೂಯಾರ್ಕಿನಲ್ಲಿ ಹುಟ್ಟಿದ ಸ್ಯಾಮ್ ಜಾಫೆ; ಥಗ್ಗರ ಗುರುವು ಇಟಲಿಯಲ್ಲಿ ಹುಟ್ಟಿದ ಎಡ್ವಾರ್ಡೊ ಚನ್ನೆಲ್ಲಿ. ಅದಕ್ಕೂ ಬಂಗಾಳದಲ್ಲಿಯೂ ಮುಂಬಯಿಯಲ್ಲಿಯೂ ನಿಷೇಧ ಬಿದ್ದಿತು. ‘ಫಿಲ್ಮಿಂಡಿಯಾ’ದ ಸಂಪಾದಕ ಬಾಬುರಾವ್ ಪಟೇಲರು ಈ ಚಿತ್ರಗಳ ವಿರುದ್ಧ ಮಾಡಿದ ಲೇಖನಿಯ ಸಮರವನ್ನು ಪತ್ರಿಕಾವೃತ್ತಿಯವರಾದ ನಾವು ಗೌರವದಿಂದ ಸ್ಮರಿಸುತ್ತೇವೆ.

ಯುದ್ಧಕಾಲದಲ್ಲಿ ಸಾಬು ಅಮೇರಿಕದ ಪ್ರಜೆಯಾಗಿ, ಆ ದೇಶದ ವಿಮಾನಪಡೆಯಲ್ಲಿ ಬಾಂಬರ್ ವಿಮಾನದ ಗೋಲಂದಾಜನಾಗಿ ಕಾದು, ಶೌರ್ಯಪದಕವನ್ನು ಪಡೆದನು. ಅಷ್ಟಾದರೂ ಹಿಂದಿರುಗಿದ ಮೇಲೆ ಅವನಿಗೆ ಕಾದಿದ್ದುದು ಏನು? ಮತ್ತೆ ಕಾಡು, ಮತ್ತೆ ಪ್ರಾಣಿ. 1947ರ ‘ಬ್ಲ್ಯಾಕ್ ನಾರ್ಸಿಸಸ್’ ಚಿತ್ರದಲ್ಲಿ ಅವನಿಗೆ ಒಬ್ಬ ರಾಜವಂಶೀಯನ ಪಾತ್ರವೇನೋ ಸಿಕ್ಕಿತು. ಆದರೆ ಅವನ ಪ್ರೇಯಸಿಯಾದ ಭಾರತೀಯ ಕನ್ಯೆಯೆಂದು ನಿಂತವರು ಬಣ್ಣ ಬಳಿದುಕೊಂಡ ಜೀನ್ ಸಿಮನ್ಸ್. ಮೆಹಬೂಬ್ ಖಾನರು ‘ಮದರ್ ಇಂಡಿಯಾ’ದ ಮಗನ ಪಾತ್ರಕ್ಕೆ ಅವನನ್ನು ಕರೆಸುವ ಯೋಚನೆ ಮಾಡಿದ್ದರು, ಅದು ಕೈಗೂಡಲಿಲ್ಲ. 1963ರ ಡಿಸೆಂಬರಿನಲ್ಲಿ, ಇನ್ನೂ ನಲವತ್ತು ತುಂಬುವ ಮೊದಲೇ, ಕ್ಯಾಲಿಫೋರ್ನಿಯದಲ್ಲಿ ತೀರಿಕೊಂಡನು. ಮರುವರ್ಷ ಬಿಡುಗಡೆಯಾದ ಕಡೆಯ ಚಿತ್ರದಲ್ಲಿ ಅವನದು ಹುಲಿಯನ್ನು ಪಳಗಿಸುವವನ ಪಾತ್ರ. ಆನೆಯಿಂದ ಆರಂಭ, ಹುಲಿಯಲ್ಲಿ ಮುಕ್ತಾಯ. ನಡುವಿನ ಇಪ್ಪತ್ತಾರು ವರ್ಷಗಳಲ್ಲಿ ಅವನನ್ನು ಒಬ್ಬ ವೈದ್ಯನೆಂದೋ ಗುಮಾಸ್ತನೆಂದೋ ಉಪಾಧ್ಯಾಯನೆಂದೋ ಕಲ್ಪಿಸಿಕೊಳ್ಳುವುದು ಆ ಭಾಗ್ಯವಂತ ದೇಶಕ್ಕೆ ಸಾಧ್ಯವಾಗಲಿಲ್ಲ.

ಇದು ಭಾರತೀಯನೊಬ್ಬನ ದುರದೃಷ್ಟವೆಂದು ಯಾರೂ ಭಾವಿಸಬಾರದು. ಚೀಣೀ ಮೂಲದ ನಟಿ ಆ್ಯನಾ ಮೇ ವಾಂಗ್ ಅವರು ಹುಟ್ಟಿದುದೇ ಅಮೇರಿಕದ ಲಾಸ್ ಏಂಜಲಿಸಿನಲ್ಲಿ, 1905ರಲ್ಲಿ. ಚೀಣಾದ ರೈತರ ಬಾಳನ್ನು ಕುರಿತ ‘ದಿ ಗುಡ್ ಅರ್ತ್’ ಕಾದಂಬರಿಯು 1937ರಲ್ಲಿ ಚಿತ್ರವಾದಾಗ, ರೈತನ ಪಾತ್ರವು ಬಿಳಿಯ ನಟ ಪಾಲ್ ಮುನಿಯವರಿಗೆ ಹೋದುದರಿಂದ ಅವನ ಹೆಂಡತಿಯೂ ಬಿಳಿಯಳೇ ಆಗಬೇಕಾಯಿತು. ಏಕೆಂದರೆ ಬೇರೆ ಬೇರೆ ವರ್ಣದ ನಟನಟಿಯರನ್ನು ತೆರೆಯ ಮೇಲೆ ದಂಪತಿಗಳಾಗಿ ತೋರಿಸುವುದನ್ನು ಆಗಿನ ಚಿತ್ರೋದ್ಯಮದ ನಿಯಮಾವಳಿಯ ಭಯವು ತಡೆಯುತ್ತಿತ್ತು. ಜರ್ಮನಿಯಲ್ಲಿ ಹುಟ್ಟಿದ ಲೂಯಿಸ್ ರೈನರ್ ಚೀಣೀ ಗೃಹಿಣಿಯಾದರು, ಆ ವರ್ಷದ ಆಸ್ಕರನ್ನೂ ಪಡೆದರು. ವಾಂಗ್ ಅವರ ಮುಂದಿಟ್ಟುದು ಮನೆಯೊಡೆಯುವ ಉಪಪತ್ನಿಯ ಪಾತ್ರ; ಅದನ್ನು ಅವರು ಒಲ್ಲೆನೆಂದರು. ಒಲ್ಲೆನೆನ್ನುವ ಆ ಧೈರ್ಯಕ್ಕೆ ಎಷ್ಟು ಬೆಲೆ ತೆರಬೇಕಾಗುವುದೆಂಬುದು ಹೊಟ್ಟೆಪಾಡಿಗೆ ಕಲೆಯನ್ನು ನಂಬಿದವರಿಗೇ ಗೊತ್ತು. ಇನ್ನು ಮುಂಬಯಿಯಲ್ಲಿ ಹುಟ್ಟಿದ ಮರ್ಲ್ ಒಬೆರಾನ್ ಅವರದು ಬೇರೆಯೇ ದಾರಿ: ತಾವು ಆಸ್ಟ್ರೇಲಿಯದ ಟಾಸ್ಮೇನಿಯದವರೆಂದು ಹೇಳಿಕೊಂಡು, ಜನ್ಮಸ್ಥಳವನ್ನು ಬಾಳಿನುದ್ದಕ್ಕೂ ಮುಚ್ಚಿಟ್ಟು, ನಾಯಕಿಯಾದರು. ಅವರನ್ನು ಹಳಿಯಲು ನಮಗೆ ಮನಸ್ಸಿಲ್ಲ.

ಇಲ್ಲಿ ಒಂದು ಆಕ್ಷೇಪಣೆಯನ್ನು ನಾವು ನಿರೀಕ್ಷಿಸುತ್ತೇವೆ, ಅದು ಕ್ಷುಲ್ಲಕವಾದುದಲ್ಲ. “ನಟನೆಯೆಂದರೇ ತಾನಲ್ಲದುದು ತಾನಾಗುವುದು. ನಿಮ್ಮ ಯಕ್ಷಗಾನದಲ್ಲಿ ಮೀಸೆ ಬೋಳಿಸಿಕೊಂಡ ಗಂಡಸು ಚೌಕಿಯಿಂದ ಸೀತೆಯಾಗಿ ಹೊರಬರುವುದಿಲ್ಲವೇ? ನಿಮ್ಮ ನಾಟಕದ ಕಂಪೆನಿಗಳಲ್ಲಿ ಸ್ತ್ರೀಪಾತ್ರ ವಹಿಸಿದವರು ಯಾರು? ನಿಮಗೆ ಸಲ್ಲುವ ವೇಷವು ಆಂಗ್ಲನಿಗೇಕೆ ಸಲ್ಲಬಾರದು?” 1990ರಲ್ಲಿ ‘ಮಿಸ್ ಸೈಗಾನ್’ ನಾಟಕವು ಲಂಡನ್ನಿನಿಂದ ನ್ಯೂಯಾರ್ಕಿಗೆ ಹೊರಟಾಗಲೂ ಈ ವಾದವೇ ಎದ್ದಿತು. ಯುರೇಷ್ಯನ್ ದಲ್ಲಾಳಿಯ ಪಾತ್ರವನ್ನು ವೇಲ್ಸ್ ದೇಶದ ಜೊನಾಥನ್ ಪ್ರೈಸ್ ಅವರು, ಮೊದಮೊದಲು ಕಣ್ಣುಗಳ ಆಕಾರವನ್ನೂ ಬದಲಿಸಿಕೊಂಡು, ಲಂಡನ್ನಿನಲ್ಲಿ ಆಡಿದ್ದರು. ಅಮೇರಿಕದ ನಟರ ಸಂಘವು ಅವರಿಗೆ ಅನುಮತಿಯನ್ನು ನಿರಾಕರಿಸಿತು. ನಿರ್ಮಾಪಕರು ನಾಟಕವನ್ನೇ ರದ್ದು ಮಾಡುವೆವೆಂದರು. ಒಂದೆರಡು ವಾರದೊಳಗೆ ಸಂಘವು ತನ್ನ ಮಾತನ್ನು ಹಿಂತೆಗೆದುಕೊಂಡಿತು. 1991ರಲ್ಲಿ ಅದೇ ಪಾತ್ರಕ್ಕೆ ಪ್ರೈಸ್ ಅವರಿಗೆ ಟೋನಿ ಪ್ರಶಸ್ತಿಯೂ ಬಂದಿತು.

ಪ್ರೈಸ್ ಅವರ ನಟನಾಕೌಶಲವನ್ನು ನಾವು ಪ್ರಶ್ನಿಸುವುದಿಲ್ಲ. ಯಕ್ಷಗಾನದ ಉಪಮಾನವನ್ನು ಮಾತ್ರ ಒಪ್ಪಲಾರೆವು. ಬಣ್ಣದ ವೇಷದ ರಾವಣನನ್ನು ಕಂಡು ಯಾವ ಪ್ರೇಕ್ಷಕನೂ ಬೆಳಗಾದ ಮೇಲೆ ಪೇಟೆಯಲ್ಲಿ ಎದುರಾದವನನ್ನು ರಾವಣನೆಂದು ಮೂದಲಿಸುವುದಿಲ್ಲ. ಆ ವೇಷಕ್ಕೆ ಬೀದಿಯಲ್ಲಿ ಓಡಾಡುವ ವಾರಸುದಾರನಿಲ್ಲ. ಹಳದಿ ಬಣ್ಣ ಬಳಿದು, ಕಣ್ಣನ್ನು ಎಳೆದು ಕಟ್ಟಿ, ಹಲ್ಲು ಮುಂದೆ ಮಾಡಿದ ಜಪಾನಿಯನ ವೇಷಕ್ಕೆ ವಾರಸುದಾರನಿದ್ದಾನೆ. ಅವನು ಮರುದಿನ ಕಛೇರಿಗೆ ಹೋಗಬೇಕು. ಅವನ ಮಗು ಶಾಲೆಗೆ ಹೋಗಬೇಕು. ಎರಡನೆಯ ಮಾತು: ವೇಷದ ಸ್ವಾತಂತ್ರ್ಯವು ಎರಡು ಕಡೆಗೂ ತೆರೆದಿರಬೇಕು. ಆಂಗ್ಲನು ಮಾವುತನಾಗಬಹುದಾದರೆ ಮಾವುತನ ಮಗನು ಹ್ಯಾಮ್ಲೆಟ್ ಆಗುವಂತಿರಬೇಕು. ಸಾಬುವನ್ನು ಹಾಗೆ ಯಾರು ಕರೆದರು? ಒಂದೇ ಕಡೆಗೆ ತೆರೆಯುವ ಬಾಗಿಲನ್ನು ಕಲೆಯ ಸ್ವಾತಂತ್ರ್ಯವೆಂದು ಕರೆಯಲು ನಾವು ಸಿದ್ಧರಿಲ್ಲ. ಸ್ತ್ರೀವೇಷದ ವಿಷಯದಲ್ಲಿಯೂ ನಾವು ಪೂರ್ಣ ನಿರ್ದೋಷಿಗಳಲ್ಲವೆಂದು ಒಪ್ಪಿಕೊಳ್ಳಬೇಕು: ಗಂಡಸು ಸೀತೆಯಾದುದು ಹೆಂಗಸಿಗೆ ರಂಗಸ್ಥಳದಲ್ಲಿ ಕಾಲಿಡಗೊಡದಿದ್ದುದರಿಂದಲೇ. ಇಂದು ಮಹಿಳೆಯರ ಮೇಳಗಳು ಗೆಜ್ಜೆ ಕಟ್ಟಿ ನಿಂತಿವೆ, ಸಂತೋಷ.

ಕಾಲ ಬದಲಾಗಿಲ್ಲವೆಂದು ಹೇಳಿದರೆ ಅದು ಅನ್ಯಾಯವಾದೀತು. 2023ರ ಮಾರ್ಚಿಯಲ್ಲಿ ಮಲೇಷ್ಯದ ಮಿಶೆಲ್ ಯೋ ಅವರಿಗೆ ಶ್ರೇಷ್ಠ ನಟಿಯ ಆಸ್ಕರ್ ಬಂದಿತು. ಅಮೇರಿಕದ ದೂರದರ್ಶನದಲ್ಲಿ ಮೂರು ದಶಕಗಳ ಕಾಲ ಅಪು ಎಂಬ ಭಾರತೀಯ ಅಂಗಡಿಕಾರನ ವ್ಯಂಗ್ಯಚಿತ್ರಕ್ಕೆ ಎಳೆದೆಳೆದು ಮಾತಾಡುವ ಧ್ವನಿ ಕೊಟ್ಟ ಹ್ಯಾಂಕ್ ಅಜೇರಿಯ ಅವರು, ಭಾರತೀಯ ಮೂಲದ ವಿನೋದಕಾರ ಹರಿ ಕೊಂಡಬೋಲು 2017ರಲ್ಲಿ ತೆಗೆದ ಸಾಕ್ಷ್ಯಚಿತ್ರದ ತರುವಾಯ, 2020ರಲ್ಲಿ ಆ ಕೆಲಸವನ್ನು ಬಿಟ್ಟರು. ಮಕ್ಕಳನ್ನು ಶಾಲೆಯಲ್ಲಿ ಆ ಧ್ವನಿಯಿಂದ ಅಣಕಿಸುವರೆಂಬ ದೂರನ್ನು ಅವರು ಕಿವಿಗೊಟ್ಟು ಕೇಳಿದರು. ಅದು ದೊಡ್ಡತನವೇ ಸರಿ.

ಆದರೆ ಈ ಪುಟದಲ್ಲಿ ಪರರ ಮನೆಯ ದೋಷವನ್ನು ಇಷ್ಟು ಉದ್ದಕ್ಕೆ ಬರೆದ ಮೇಲೆ ನಮ್ಮ ಮನೆಯ ಕಡೆಗೆ ತಿರುಗದಿದ್ದರೆ ವಾಚಕರು ನಮ್ಮನ್ನು ಕ್ಷಮಿಸಲಾರರು. ಮಣಿಪುರದ ಮುಷ್ಟಿಯುದ್ಧ ಪಟು ಮೇರಿ ಕೋಮ್ ಅವರ ಜೀವನವು 2014ರಲ್ಲಿ ಹಿಂದೀ ಚಿತ್ರವಾದಾಗ ಆ ಪಾತ್ರವನ್ನು ವಹಿಸಿದವರು ಪ್ರಿಯಾಂಕಾ ಚೋಪ್ರಾ. ಮಣಿಪುರದಲ್ಲಿ ನಟಿಯರಿಲ್ಲವೆಂದೇ? ಆ ರಾಜ್ಯದ ಲಿನ್ ಲೈಶ್ರಾಮ್ ಅದೇ ಚಿತ್ರದಲ್ಲಿಯೇ ಚಿಕ್ಕ ಪಾತ್ರವೊಂದರಲ್ಲಿದ್ದರು. ಹೆಸರಾದ ತಾರೆಯಿಲ್ಲದೆ ಹಣ ಹುಟ್ಟದೆಂದು ನಿರ್ಮಾಪಕರು ಸಮಾಧಾನ ಹೇಳುವರು. 1937ರಲ್ಲಿ ಅಮೇರಿಕದ ಸ್ಟುಡಿಯೋದವರು ಹೇಳಿದುದೂ ಹೆಚ್ಚುಕಡಮೆ ಇದನ್ನೇ. ಕಂದು ಬಣ್ಣದ ಹಾಲೊವೇ ಅವರನ್ನು ಕಂಡು ಕುದಿಯುವ ನಾವು ಇದನ್ನು ಚಪ್ಪಾಳೆ ತಟ್ಟಿ ನೋಡಿದೆವು. ವಿಂಧ್ಯದ ಕೆಳಗಿನವರೆಲ್ಲರನ್ನೂ ಮದ್ರಾಸಿಯೆಂದು ಒಂದೇ ಜುಟ್ಟು, ಒಂದೇ ಧಾಟಿಯಲ್ಲಿ ಕಟ್ಟಿಹಾಕಿದ 1968ರ ‘ಪಡೋಸನ್’ ಚಿತ್ರದ ಸಂಗೀತ ಮಾಸ್ತರನನ್ನು ಕುರಿತು ನಾವು ಇಂದಿಗೂ ಮುಖ ಸಿಂಡರಿಸುವುದಿಲ್ಲವೇ? ಇಂಫಾಲದವರು ಮುಖ ಸಿಂಡರಿಸಿದರೆ ಅದೇಕೆ ಅತಿಸೂಕ್ಷ್ಮತೆಯೆನಿಸಬೇಕು?

ಕನ್ನಡ ಚಿತ್ರಗಳಲ್ಲಿಯೂ ರಾತ್ರಿ ದೊಣ್ಣೆ ಕುಟ್ಟುತ್ತ, ‘ಶಾಬ್’ ಎನ್ನುತ್ತ, ಕಳ್ಳನು ಬಂದಾಗ ತೂಕಡಿಸುವ ಗೂರ್ಖಾನನ್ನು ವಾಚಕರು ಎಷ್ಟು ಸಲ ಕಂಡಿರಬಹುದು? ಅವನಿಗೆ ಹೆಂಡತಿ ಮಕ್ಕಳಿರುವುದಿಲ್ಲ, ಊರಿರುವುದಿಲ್ಲ, ಹೆಸರು ಸಹ ಬಹಾದ್ದೂರ್ ಎಂಬ ಒಂದೇ. ಈ ನಗೆಯು ನಿರಪಾಯವೆಂದು ನಾವೂ ಬಹಳ ಕಾಲ ಭಾವಿಸಿದ್ದೆವು. 2012ರ ಆಗಸ್ಟಿನಲ್ಲಿ ಕೇವಲ ವದಂತಿಯ ಭಯದಿಂದ ಈಶಾನ್ಯದ ಸಾವಿರಾರು ತರುಣ ತರುಣಿಯರು ಬೆಂಗಳೂರಿನ ರೈಲ್ವೆ ನಿಲ್ದಾಣದಲ್ಲಿ ಗಂಟುಮೂಟೆಯೊಡನೆ ನೆರೆದು, ಗೌಹಾತಿಗೆ ವಿಶೇಷ ರೈಲುಗಳನ್ನು ಬಿಡಬೇಕಾಗಿ ಬಂದಾಗ ನಮ್ಮ ಭಾವನೆ ಅಲುಗಾಡಿತು. ವದಂತಿಯನ್ನು ಹಬ್ಬಿಸಿದವರು ಬೇರೆಯವರೇ ಇರಬಹುದು. ಆದರೆ ವರ್ಷಗಟ್ಟಲೆ ನಮ್ಮ ಜೊತೆ ಬದುಕಿದವರು, ಈ ಊರಿನವರು ತಮ್ಮನ್ನು ಕಾಪಾಡುವರೆಂದು ಒಂದು ರಾತ್ರಿಯ ಮಟ್ಟಿಗೂ ನಂಬಲಾರದೆ ಹೋದರಲ್ಲ! ಬೀದಿಯಲ್ಲಿ ‘ಚೀಣಿ’ಯೆಂದೂ, ತೆರೆಯ ಮೇಲೆ ಕಾವಲುಗಾರನೆಂದೂ ಮಾತ್ರ ಕರೆಸಿಕೊಂಡವರಿಗೆ ಆ ನಂಬಿಕೆ ಎಲ್ಲಿಂದ ಬರಬೇಕಾಗಿತ್ತು?

ನಿಷೇಧವನ್ನೂ ದಂಡನೆಯನ್ನೂ ನಾವು ಕೇಳುವುದಿಲ್ಲ. ‘ಗಂಗಾ ದೀನ್’ ಚಿತ್ರಕ್ಕೆ ಬಿದ್ದ ನಿಷೇಧದಿಂದ ಒಬ್ಬ ಭಾರತೀಯ ನಟನಿಗೂ ಕೂಲಿ ಹುಟ್ಟಲಿಲ್ಲ. ಬೆಂಗಳೂರಿನಲ್ಲಿ ಹುಟ್ಟಿ ಕನ್ನಡ ಶಾಲೆಯಲ್ಲಿ ಓದಿದ ನೇಪಾಳಿ, ಟಿಬೆಟನ್, ಮಣಿಪುರಿ ಮಕ್ಕಳಿದ್ದಾರೆ. ಬೈಲುಕುಪ್ಪೆಯಲ್ಲಿ 1960ರ ದಶಕದಿಂದ ಟಿಬೆಟನ್ನರು ನೆಲಸಿದ್ದಾರೆ. ನಮ್ಮ ನಿರ್ಮಾಪಕರೂ ನಾಟಕ ತಂಡದವರೂ ಅವರಲ್ಲೊಬ್ಬರನ್ನು ಕರೆದು, ದೊಣ್ಣೆಯನ್ನು ಕೊಡದೆ, ವಕೀಲನ ಕರಿಯ ಕೋಟನ್ನೋ ಕಥಾನಾಯಕಿಯ ಅಣ್ಣನ ಪಾತ್ರವನ್ನೋ ಕೊಟ್ಟು ನೋಡಲಿ. ಸಂಸ್ಕೃತಿ ಇಲಾಖೆಯ ಅಧಿಕಾರಿಗಳು ನಾಟಕ ತಂಡಗಳಿಗೆ ಧನಸಹಾಯ ಮಂಜೂರು ಮಾಡುವಾಗ ಇದನ್ನೊಂದು ಅಂಶವಾಗಿ ಪರಿಗಣಿಸಲಿ. ಮೈಸೂರಿನವರು ಒಂದು ಸಂಜೆ ‘ಎಲಿಫೆಂಟ್ ಬಾಯ್’ ಚಿತ್ರವನ್ನು ತಮ್ಮ ಊರಿನಲ್ಲಿಯೇ ಸಾರ್ವಜನಿಕರಿಗೆ ತೋರಿಸಿದರೆ ನಾವೂ ಬಂದು ಹಿಂದಿನ ಬೆಂಚಿನಲ್ಲಿ ಕುಳಿತುಕೊಳ್ಳುವೆವು.