ನಾಟಕಕಾರ್ತಿಯರಿಲ್ಲ ಎಂಬ ಮಾತಿನ ಹಿಂದಿನ ಲೆಕ್ಕ

ಆಧುನಿಕ ಭಾರತೀಯ ರಂಗಭೂಮಿಯ ಇತಿಹಾಸ ಬರೆಯುವಾಗ, ವಿಶ್ವವಿದ್ಯಾಲಯಗಳಿಗೆ ಪಠ್ಯ ಗೊತ್ತುಮಾಡುವಾಗ, ಉತ್ಸವಗಳಿಗೆ ನಾಟಕಗಳನ್ನು ಆರಿಸುವಾಗ ಮಹಿಳೆಯರ ಕೃತಿಗಳೇಕೆ ಕಾಣಿಸುತ್ತಿಲ್ಲವೆಂಬ ತಕರಾರು ಎದ್ದರೆ ಅದಕ್ಕೆ ಸಿಗುವ ಉತ್ತರ ಹೆಚ್ಚುಕಡಿಮೆ ಒಂದೇ: ಅವರನ್ನು ಹೊರಗಿಡುವ ಉದ್ದೇಶ ಯಾರಿಗೂ ಇಲ್ಲ, ಒಳಗೆ ಕರೆಯೋಣವೆಂದರೆ ನಾಟಕಕಾರ್ತಿಯರೇ ಇಲ್ಲ. ಮೋಹನ್ ರಾಕೇಶ್, ಬಾದಲ್ ಸರ್ಕಾರ್, ವಿಜಯ್ ತೆಂಡೂಲ್ಕರ್, ಗಿರೀಶ ಕಾರ್ನಾಡ ಎಂಬ ನಾಲ್ಕು ಹೆಸರುಗಳಿಂದ ಆರಂಭವಾಗುವ ಪಟ್ಟಿ ಮುಂದೆ ಎಲಕುಂಚವಾರ್, ಕಂಬಾರ, ದತ್ತಾನಿಯವರವರೆಗೆ ಬೆಳೆದರೂ ಅದರಲ್ಲಿ ಹೆಂಗಸಿನ ಹೆಸರು ಅಪರೂಪ. ಇಂದಿರಾ ಪಾರ್ಥಸಾರಥಿ ಎಂಬ ಹೆಸರನ್ನು ಕಂಡು ಸಮಾಧಾನಪಟ್ಟುಕೊಳ್ಳುವವರು ಆ ತಮಿಳು ನಾಟಕಕಾರರು ಹೆಂಡತಿಯ ಹೆಸರನ್ನು ತಮ್ಮ ಹೆಸರಿಗೆ ಸೇರಿಸಿಕೊಂಡ ಗಂಡಸೆಂಬುದನ್ನು ನೆನಪಿಡಬೇಕು. ಈ ಅಭಾವ ಪೂರ್ತಿ ಸುಳ್ಳಲ್ಲ. ಆದರೆ ಅದರ ದೊಡ್ಡ ಪಾಲು ಎಣಿಕೆಯ ನಿಯಮದಿಂದ ಹುಟ್ಟಿದ್ದು, ಮತ್ತು ಆ ನಿಯಮವನ್ನು ಗಂಡಸರಿಗೊಂದು ಹೆಂಗಸರಿಗೊಂದು ಎಂಬಂತೆ ಅನ್ವಯಿಸಲಾಗಿದೆ.

ಸ್ವಾತಂತ್ರ್ಯೋತ್ತರ ಕಾಲದಲ್ಲಿ ಗಟ್ಟಿಗೊಂಡ ಕಲ್ಪನೆಯ ಪ್ರಕಾರ ನಾಟಕಕಾರನೆಂದರೆ ಸ್ವತಂತ್ರ ಪಠ್ಯವನ್ನು ಒಬ್ಬನೇ ಬರೆದು, ಅಚ್ಚು ಹಾಕಿಸಿ, ನಿರ್ದೇಶಕನ ಕೈಗೆ ಒಪ್ಪಿಸುವ ಸಾಹಿತಿ. ಕಥೆ ಕಾದಂಬರಿಗಳನ್ನು ರಂಗಕ್ಕೆ ಒಗ್ಗಿಸಿ ಬರೆದದ್ದು, ತಾಲೀಮಿನಲ್ಲಿ ನಟರೊಡನೆ ಕೂಡಿ ಕಟ್ಟಿದ್ದು ‘ರಂಗರೂಪ’ ಎಂಬ ಎರಡನೆಯ ದರ್ಜೆಗೆ ಸೇರುತ್ತದೆ. ಈ ನಿಯಮವನ್ನು ಎಲ್ಲರಿಗೂ ಸಮನಾಗಿ ಅನ್ವಯಿಸಿದ್ದರೆ ಆಕ್ಷೇಪಕ್ಕೆ ಎಡೆಯಿರುತ್ತಿರಲಿಲ್ಲ. ‘ಹಯವದನ’ದ ಮೂಲ ಕಥಾಸರಿತ್ಸಾಗರದಲ್ಲಿಯೂ ಅದನ್ನು ಆಧರಿಸಿದ ಥಾಮಸ್ ಮಾನ್‌ನ ಕೃತಿಯಲ್ಲಿಯೂ ಇದೆ. ‘ನಾಗಮಂಡಲ’ ಎ.ಕೆ. ರಾಮಾನುಜನ್ ಅವರಿಂದ ಕೇಳಿದ ಎರಡು ಜನಪದ ಕಥೆಗಳಿಂದ ಹುಟ್ಟಿದ್ದು, ಮತ್ತು ಇಂಥ ಕಥೆಗಳನ್ನು ಮನೆಯ ಹಿರಿಯ ಹೆಂಗಸರು ಅಡುಗೆಮನೆಯಲ್ಲಿ ಮಕ್ಕಳಿಗೆ ಉಣಿಸುತ್ತಾ ಹೇಳುವಂಥವೆಂದು ಕಾರ್ನಾಡರೇ ಬಿಚ್ಚುಮನಸ್ಸಿನಿಂದ ಬರೆದಿದ್ದಾರೆ. 1975ರ ‘ಚರಣದಾಸ್ ಚೋರ್’ ವಿಜಯದಾನ್ ದೇಥಾ ಅವರಿಂದ ಬಂದ ಕಥೆ. ಹಬೀಬ್ ತನ್ವೀರ್ ಅದನ್ನು ಛತ್ತೀಸಗಢದ ನಟರ ಆಶುಭಾಷಣದ, ಅಂದರೆ ಮೊದಲೇ ಬರೆದಿಡದೆ ಸ್ಥಳದಲ್ಲೇ ಹುಟ್ಟಿಸುವ ಮಾತಿನ, ಬಲದಿಂದ ಬೆಳೆಸಿದರು. ಇವೆಲ್ಲ ಆಯಾ ನಾಟಕಕಾರರ ಸ್ವಂತ ಕೃತಿಗಳೆಂದೇ ಗಣ್ಯವಾಗಿವೆ, ಆಗಬೇಕಾದದ್ದೂ ಹಾಗೆಯೇ. ಆದರೆ ಕೋಲ್ಕತ್ತಾದಲ್ಲಿ 1976ರಲ್ಲಿ ‘ರಂಗಕರ್ಮಿ’ ತಂಡವನ್ನು ಕಟ್ಟಿದ ಉಷಾ ಗಂಗೂಲಿ, ಮಹಾಶ್ವೇತಾ ದೇವಿಯವರ ಬಂಗಾಳಿ ಕಥೆಯನ್ನು ಹಿಂದಿಗೆ ತಂದು, ನಿರೂಪಣೆಯಲ್ಲಿದ್ದುದನ್ನು ದೃಶ್ಯಗಳಾಗಿ ಬಿಡಿಸಿ, ತನ್ನವರ ಸಾವಿಗೆ ಅಳಲಾರದವಳು ಹಣಕ್ಕಾಗಿ ಉಳ್ಳವರ ಹೆಣದ ಮುಂದೆ ಅಳುವ ಶನಿಚರಿಯ ಬಾಳಿಗೆ ರಂಗದ ಮೇಲೆ ಮೈಕೊಟ್ಟ ‘ರುಡಾಲಿ’ ಮಾತ್ರ ರಂಗರೂಪವಾಗಿಯೇ ಉಳಿಯಿತು. ಕಥೆ ಮತ್ತು ನಾಟಕ ಎರಡನ್ನೂ ಒಂದೇ ಸಂಪುಟದಲ್ಲಿಟ್ಟು 1997ರಲ್ಲಿ ಸೀಗಲ್ ಪ್ರಕಾಶನ ಹೊರತಂದ ಇಂಗ್ಲಿಷ್ ಆವೃತ್ತಿಯನ್ನು ಓದಿದವರಿಗೆ ಗಂಗೂಲಿಯವರ ಕೆಲಸ ನಕಲು ತೆಗೆಯುವುದಲ್ಲ, ಬರವಣಿಗೆಯೇ ಎಂಬುದು ತಿಳಿಯದಿರದು.

ಸಂಗೀತ ನಾಟಕ ಅಕಾಡೆಮಿ 1998ರಲ್ಲಿ ಗಂಗೂಲಿಯವರನ್ನು ಗೌರವಿಸಿದ್ದು ನಿರ್ದೇಶನಕ್ಕಾಗಿ. 2003ರಲ್ಲಿ ಶಾಂವಲಿ ಮಿತ್ರ ಅವರಿಗೆ ಪ್ರಶಸ್ತಿ ಸಂದದ್ದು ಅಭಿನಯಕ್ಕಾಗಿ. ಪ್ರಶಸ್ತಿಗಳು ಅರ್ಹರಿಗೇ ಹೋದವು, ಸಂಶಯವಿಲ್ಲ. ಆದರೆ ಶಾಂವಲಿ ಅವರು 1983ರಲ್ಲಿ ತಾವೇ ಬರೆದು ತಾವೊಬ್ಬರೇ ಆಡಿದ ‘ನಾಥವತೀ ಅನಾಥವತ್’ ಬಂಗಾಳಿ ರಂಗಭೂಮಿಯ ದೊಡ್ಡ ಪಠ್ಯಗಳಲ್ಲಿ ಒಂದು. ಇರಾವತಿ ಕರ್ವೆಯವರ ‘ಯುಗಾಂತ’ದಿಂದ ಪ್ರೇರಣೆ ಪಡೆದ ಈ ನಾಟಕ, ನಮ್ಮ ಹರಿಕಥೆಗೆ ಹತ್ತಿರವಾದ ‘ಕಥಕತಾ’ ಎಂಬ ಬಂಗಾಳಿ ನಿರೂಪಣ ಸಂಪ್ರದಾಯವನ್ನು ಹಿಡಿದು, ಗಂಡಸರ ಬಾಯಲ್ಲಿ ಶತಮಾನಗಳಿಂದ ಹರಿದುಬಂದ ದ್ರೌಪದಿಯ ಕಥೆಯನ್ನು ಒಬ್ಬ ಕಥನಕಾರ್ತಿಯ ಕೈಗೆ ಒಪ್ಪಿಸುತ್ತದೆ. ಆಕೆ ಕಥೆ ಹೇಳುತ್ತಾಳೆ, ಹೇಳುತ್ತಲೇ ಪಾತ್ರವಾಗುತ್ತಾಳೆ, ಪಾತ್ರದಿಂದ ಹೊರಬಂದು ಐವರು ಗಂಡಂದಿರಿದ್ದೂ ಅನಾಥಳಾದವಳ ಪರವಾಗಿ ಪ್ರಶ್ನೆ ಎತ್ತುತ್ತಾಳೆ. ಇಂಥ ರಚನೆಯನ್ನು ನಟಿಯ ಪ್ರತಿಭೆಯ ಖಾತೆಗೆ ಮಾತ್ರ ಜಮಾ ಮಾಡುವುದೆಂದರೆ ಬರೆದ ಕೈಯನ್ನು ಮರೆಮಾಚಿದಂತೆ.

ರಂಗಭೂಮಿ ಸಾಮೂಹಿಕ ಕಲೆ, ಅಲ್ಲಿ ಕರ್ತೃತ್ವದ ಹಟ ಸಲ್ಲದು ಎಂಬ ಉದಾರ ವಾದವೊಂದು ಇಲ್ಲಿ ತಲೆಹಾಕುತ್ತದೆ. ತೆಂಡೂಲ್ಕರ್ ಅಥವಾ ರಾಕೇಶರ ಪ್ರಸಂಗದಲ್ಲಿ ಈ ಉದಾರತೆ ಎಂದೂ ನೆನಪಾಗದಿರುವುದರಿಂದ ಅದಕ್ಕೆ ದೀರ್ಘ ಉತ್ತರ ಬೇಕಿಲ್ಲ. ಹೆಂಗಸರ ಬರವಣಿಗೆ ಮನೆಯ ಹೊಸ್ತಿಲು ದಾಟುವುದಿಲ್ಲವೆಂಬ ಆರೋಪವೂ ಇಷ್ಟೇ ಟೊಳ್ಳು. ಮನ್ನು ಭಂಡಾರಿ ತಮ್ಮದೇ ಕಾದಂಬರಿಯಿಂದ ನಾಟಕವಾಗಿಸಿದ ‘ಮಹಾಭೋಜ್’ ಹಳ್ಳಿಯ ಯುವಕನೊಬ್ಬನ ಸಾವನ್ನು ಚುನಾವಣೆಯ ಬಂಡವಾಳವಾಗಿ ಮಾಡಿಕೊಳ್ಳುವ ಮುಖ್ಯಮಂತ್ರಿ, ಪೊಲೀಸರು, ಪತ್ರಿಕೆಗಳ ಕಥೆ. 1982ರಲ್ಲಿ ಮುಂಬೈಯ ಸಾಂತಾಕ್ರೂಜ್‌ನಲ್ಲಿ ನಡೆದ ಘಟನೆಯನ್ನು ಆಧರಿಸಿದ ಮಂಜುಳಾ ಪದ್ಮನಾಭನ್ ಅವರ ‘ಲೈಟ್ಸ್ ಔಟ್’ ನಡೆಯುವುದು ಮಧ್ಯಮವರ್ಗದ ಮನೆಯೊಳಗೇ, ನಿಜ. ಆದರೆ ಪಕ್ಕದ ಕಟ್ಟಡದಿಂದ ಅತ್ಯಾಚಾರಕ್ಕೊಳಗಾಗುತ್ತಿರುವವಳ ಚೀರಾಟ ಕೇಳುತ್ತಿರುವಾಗ ಅದು ನಿಜವಾಗಿ ಏನೆಂಬ ಬಗ್ಗೆ ತರ್ಕಿಸುತ್ತಾ ಕೂರುವ ಸಭ್ಯರ ನಾಲಿಗೆಯ ಚಾಲಾಕಿತನವನ್ನು ಅಷ್ಟು ನಿರ್ದಯವಾಗಿ ತೋರಿಸಲು ಮನೆಯೇ ಸರಿಯಾದ ಜಾಗವಾಗಿತ್ತು.

ಇಷ್ಟಾದರೂ ನಾಟಕ ಬರೆಯುವ ಹೆಂಗಸರು ಕಥೆ, ಕವಿತೆ ಬರೆಯುವವರಿಗಿಂತ ಕಡಿಮೆ ಎಂಬುದನ್ನು ಒಪ್ಪಲೇಬೇಕು. ಕವಿತೆ ಒಂಟಿಯಾಗಿ ಕೂತು ಮುಗಿಸಬಹುದಾದದ್ದು. ನಾಟಕಕ್ಕೆ ತಂಡ ಬೇಕು, ತಾಲೀಮಿನ ಜಾಗ ಬೇಕು, ಕಚೇರಿ ಬಿಟ್ಟ ಮೇಲೆ ಶುರುವಾಗಿ ರಾತ್ರಿ ಎಷ್ಟು ಹೊತ್ತಿಗೋ ಮುಗಿಯುವ ಹವ್ಯಾಸಿ ತಾಲೀಮಿಗೆ ಹೋಗಿಬರುವ ಸ್ವಾತಂತ್ರ್ಯ ಬೇಕು. ಕೈಬರಹವೊಂದನ್ನೇ ನೋಡಿ ತೂಗುವ ಕಡೆ ಚಿತ್ರ ಬದಲಾದದ್ದು ಗಮನಾರ್ಹ. ದೀನಾ ಮೆಹತಾ ಅವರ ‘ಬ್ರೈಡ್ಸ್ ಆರ್ ನಾಟ್ ಫಾರ್ ಬರ್ನಿಂಗ್’ ನಾಟಕಕ್ಕೆ 1979ರಲ್ಲಿ ಬಹುಮಾನ ಕೊಟ್ಟದ್ದು ಬಿಬಿಸಿ. ಬಡ ದೇಶದ ದೇಹಗಳು ಶ್ರೀಮಂತ ದೇಶಕ್ಕೆ ಅಂಗಾಂಗಗಳ ಬೆಳೆಯಾಗುವುದನ್ನು ಕಲ್ಪಿಸಿದ ಪದ್ಮನಾಭನ್ ಅವರ ‘ಹಾರ್ವೆಸ್ಟ್’ ನಾಟಕಕ್ಕೆ 1997ರಲ್ಲಿ ಮೊದಲ ಬಹುಮಾನ ಕೊಟ್ಟದ್ದು ಗ್ರೀಸಿನ ಒನಾಸಿಸ್ ಪ್ರತಿಷ್ಠಾನ. ತಂಡದ ಪರಿಚಯ, ನಿರ್ದೇಶಕನ ಸ್ನೇಹ ಯಾವುದೂ ಬೇಕಿಲ್ಲದ ಆ ಬಾಗಿಲುಗಳು ಇದ್ದದ್ದು ದೇಶದ ಹೊರಗೆ, ಅದೂ ಇಂಗ್ಲಿಷಿನಲ್ಲಿ ಬರೆಯುವವರಿಗೆ. ತಂಡವೊಂದಿದ್ದರೆ ಸಾಕೆಂದೂ ಅಲ್ಲ: ಆರ್. ನಾಗರತ್ನಮ್ಮ 1958ರಲ್ಲಿ ಕಟ್ಟಿದ ಸ್ತ್ರೀ ನಾಟಕ ಮಂಡಳಿಯಲ್ಲಿ ಹೆಂಗಸರೇ ಕಂಸ, ರಾವಣರಾಗಿ ಅಬ್ಬರಿಸಿದರೂ ಅವರು ಆಡಿದ್ದು ಹೆಚ್ಚಾಗಿ ಕಂಪನಿ ಕಾಲದ ಪೌರಾಣಿಕ ನಾಟಕಗಳನ್ನೇ.

ಕನ್ನಡದಲ್ಲಿ ಎರಡನೆಯ ದರ್ಜೆಗೆ ಇನ್ನೂ ಒಂದು ಹೆಸರಿದೆ, ಅದು ಮಕ್ಕಳ ನಾಟಕ. ‘ನಾಯಿಮರಿ ನಾಟಕ’, ‘ಮೂಕನ ಮಕ್ಕಳು’, ‘ಧಾಂ ಧೂಂ ಸುಂಟರಗಾಳಿ’, ‘ಗೊಂಬೆ ಮ್ಯಾಕ್‌ಬೆತ್’ ಎಂದು ಸಾಲಾಗಿ ನಾಟಕ ಬರೆದ ವೈದೇಹಿಯವರು ವಿಮರ್ಶೆಯ ಪಾಲಿಗೆ ಕತೆಗಾರ್ತಿ, ಕವಯಿತ್ರಿ. ನಾಟಕದ ಮಾತು ಬಂದಾಗ ಆ ಸಾಲು ಬೇಸಿಗೆ ಶಿಬಿರಗಳ ಸಾಮಗ್ರಿಯಾಗಿಬಿಡುತ್ತದೆ. ಶೇಕ್ಸ್‌ಪಿಯರನ ರಕ್ತಸಿಕ್ತ ದುರಂತವನ್ನು ಮಕ್ಕಳ ಆಟದೊಳಕ್ಕೆ ತರುವ ಧೈರ್ಯ, ಆಡುಮಾತಿನ ಲಯದ ಮೇಲಿನ ಹಿಡಿತ ನಾಟಕ ವಿಮರ್ಶೆಗೆ ವಸ್ತುವಾಗಬಾರದೆಂದು ಯಾವ ಶಾಸ್ತ್ರ ಹೇಳುತ್ತದೆ? ಪಠ್ಯ ಸಮಿತಿಗಳು ಕನಿಷ್ಠ ‘ಹಯವದನ’ದ ಪಕ್ಕದಲ್ಲಿ ‘ರುಡಾಲಿ’ಯನ್ನೂ ‘ಗೊಂಬೆ ಮ್ಯಾಕ್‌ಬೆತ್’ಅನ್ನೂ ಇಟ್ಟು ಒಂದೇ ಮಾನದಂಡದಿಂದ ಓದಿಸಲಿ; ಹಾಗೆ ಓದಿದ ಮೇಲೆ ಕಡೆಯ ಎರಡನ್ನು ತಿರಸ್ಕರಿಸುವವರ ಜೊತೆ ಜಗಳವಾಡಲು ಅವಕಾಶವಿದೆ, ಓದದೆಯೇ ಇಲ್ಲವೆನ್ನುವವರ ಜೊತೆ ಅದೂ ಸಾಧ್ಯವಿಲ್ಲ.